ಎರಡು ಕಿಲೋ

ದನದ ಹಿಂತೊಡೆ ಕೊಡು, ಎಳೆಗೆ ಅಡ್ಡವಾಗಿ ಕೊಯ್ದು,
ಅಂದೆ ಮಾಂಸದಂಗಡಿಯ ಹುಡುಗನಿಗೆ.
ಎಷ್ಟು ಅಂದ.
ಎರಡು ಕಿಲೋ, ಅಂದ ಬಾಯಿ
ಒಂದು ಗಳಿಗೆ ತೆರೆದೇ ಇತ್ತು.

ಅಷ್ಟು ಬೇಕಿರಲಿಲ್ಲ. ಬರುವವರು ಮೂವರೇ:
ಮಗ ದಾರ್ವಿನ್, ಅವನು ಮದುವೆಯಾಗಲಿರುವ ಅನಾಹಿ,
ಅವಳನ್ನು ಸಾಕಿದ ಅಜ್ಜ.
"ಮಿಲನೇಸಾ ಮಾಡಮ್ಮ, ಮೆತ್ತಗೆ.
ಅಜ್ಜನ ಹಲ್ಲಿನ ಸೆಟ್ಟು ಹೊಸತು, ಬಾಯಿಗೆ ಒಗ್ಗಿಲ್ಲ."
ಹೆಸರೇನು ಅವರದು, ಅಂದೆ.
ಎವಾರಿಸ್ತೋ ಪೀರಿಸ್, ಅಂದ.
ಈರುಳ್ಳಿ ಬುಟ್ಟಿಯನ್ನು ಅಲ್ಲಿಂದ ತೆಗೆದು ಇಲ್ಲಿಟ್ಟೆ.

ಈ ಸೆರ್ರೋ ಗುಡ್ಡದ ಕೆಳಗೆ, ಕೊಲ್ಲಿಯ ಅಂಚಿಗೆ,
ಮಾಂಸದ ಕಾರ್ಖಾನೆಯ ಗೋಡೆ ಇನ್ನೂ ನಿಂತಿದೆ, ಒಳಗೆ ಪಾರಿವಾಳ.
ಅಪ್ಪ ಅಲ್ಲಿ ಚಾಕು ಹಿಡಿದ ಇಪ್ಪತ್ತೆರಡು ವರ್ಷ
ಕೂಲಿಯ ಜೊತೆ ದಿನಕ್ಕೆರಡು ಕಿಲೋ,
ಪೇಪರಿನಲ್ಲಿ ಸುತ್ತಿ, ಕಂಕುಳಲ್ಲಿ ಇರುಕಿ ತರುತ್ತಿದ್ದ.
ಊರಿನ ಸುದ್ದಿ ಮಾಂಸಕ್ಕಂಟಿ
ತಿರುವುಮುರುವಾಗಿ ಓದಿಸಿಕೊಳ್ಳುತ್ತಿತ್ತು.
ಒಂದು ಬೆಳಿಗ್ಗೆ, ಇನ್ನು ಎರಡು ಕಿಲೋ ಇಲ್ಲ, ಎಂದರು.
ಮುಷ್ಕರ. ಗುಡ್ಡಕ್ಕೆ ಗುಡ್ಡವೇ ಒಲೆ ಆರಿಸಿ ಕೂತಿತು.
ಕೊನೆಗೊಮ್ಮೆ ಗೇಟು ತೆರೆದಾಗ
ಪಟ್ಟಿ ಹಿಡಿದು ಹೆಸರು ಕೂಗಿದ ಮೇಸ್ತ್ರಿ
ಎರಾಸ್ಮೋ ಎಂದು ಕೂಗಲಿಲ್ಲ.
ಆ ಮೇಸ್ತ್ರಿಯ ಹೆಸರನ್ನು ನಮ್ಮ ಮನೆಯಲ್ಲಿ
ಆಮೇಲೆ ಯಾರೂ ಎತ್ತಲಿಲ್ಲ.

ಮರದ ಕೊಡತಿ ಅಮ್ಮನದು.
ಒಂದು ಮಗ್ಗುಲು ಹಲ್ಲು, ಇನ್ನೊಂದು ನುಣುಪು.
ಹಲಗೆಯ ಮೇಲೆ ಮೊದಲ ತುಂಡು ಹರವಿ
ಹಲ್ಲಿನ ಮಗ್ಗುಲಿಂದ ಬಡಿದೆ.
ಧಡ್.
ಶೂ ತಳಕ್ಕೆ ರಟ್ಟು ಕತ್ತರಿಸಿಟ್ಟು ಶಾಲೆಗೆ ಹೋದದ್ದಕ್ಕೆ.
ಧಡ್.
ಅಪ್ಪ ಬಸ್ಸು ಹತ್ತಿ ಇಳಿದು ಬಾಚಣಿಗೆ ಮಾರಿದ್ದಕ್ಕೆ.
ಧಡ್, ಧಡ್,
ಬಟಾಣಿ, ಬಟಾಣಿ, ಮತ್ತೂ ಬಟಾಣಿ ಬೆಂದ ಆ ಚಳಿಗಾಲಕ್ಕೆ.
ಮೇಲಿನ ಮನೆಯ ಗ್ಲಾದಿಸ್ ಕಿಟಕಿಯಿಂದ ಬಗ್ಗಿ
"ಏನೇ ಸೆಲ್ವಾ, ಗೋಡೆ ಕೆಡವ್ತಿದ್ದೀಯಾ?" ಅಂದಳು.
ಮಾಂಸ ಮಾತ್ರ ತುಟಿಪಿಟಕ್ಕೆನ್ನದೆ
ಅಗಲವಾಗುತ್ತ, ಅಗಲವಾಗುತ್ತ,
ಬೆಳಕಿಗೆ ಹಿಡಿದರೆ ಆಚೆ ಬೆರಳು ಕಾಣುವಷ್ಟಾಯಿತು.

ಸಿಟ್ಟಿಗೊಂದು ಹದ ಉಂಟೋ ಇಲ್ಲವೋ, ತಿಳಿಯದು.
ಮಾಂಸಕ್ಕುಂಟು. ದಾಟಿದರೆ ಹರಿಯುತ್ತದೆ.
ಕೊಡತಿ ತಿರುಗಿಸಿ, ನುಣುಪಿನ ಮಗ್ಗುಲಿಂದ
ಅಂಚುಗಳನ್ನು ತಟ್ಟಿ ಒಳಗೆ ತಂದೆ,
ನಿದ್ದೆ ಬಾರದ ಕೂಸಿನ ಬೆನ್ನು ತಟ್ಟುವ ಹಾಗೆ.

ಮೊಟ್ಟೆ ನಾಲ್ಕು. ಜಜ್ಜಿದ ಬೆಳ್ಳುಳ್ಳಿ, ಹೆಚ್ಚಿದ ಪಾರ್ಸ್ಲಿ.
ಉಪ್ಪಿನ ಡಬ್ಬಿಗೆ ಹೋದ ಕೈ ತಡೆಯಿತು:
ಉಪ್ಪು ಉಂಡ ಮೇಲೆ ಲೆಕ್ಕವೇ ಬೇರೆ.
ಹಾಕಿದೆ. ಸಪ್ಪೆ ಬಡಿಸುವುದು ನನ್ನ ಕೈಗೆ ಬಾರದು.
ಮೊನ್ನೆಯ ಬ್ರೆಡ್ಡು ಒಣಗಿಸಿ ಕುಟ್ಟಿದ ಪುಡಿಯಲ್ಲಿ
ಅಂಗೈ ಊರಿ ಒತ್ತಿ, ಹೊರಳಿಸಿ, ಮತ್ತೆ ಒತ್ತಿ,
ಎಣ್ಣೆಗೆ ಒಂದು ಹರಳು ಎಸೆದೆ.
ಸುರ್ರೆಂದು ಎದ್ದು ಬಂತು.
ಬಾಗಿಲ ಗಂಟೆ ಹೊಡೆದದ್ದೂ ಆಗಲೇ.

ಕೋಲು. ಇಸ್ತ್ರಿ ಅಂಗಿ. ಕೈಯಲ್ಲಿ ಒಂದು ಪೊಟ್ಟಣ ಬಿಸ್ಕತ್ತು.
ಇಷ್ಟು ಕುಳ್ಳನೇ ಇವನು?

ಚಾಕು ಮುಟ್ಟಲಿಲ್ಲ, ಫೋರ್ಕಿನ ಅಂಚಿಗೇ ತುಂಡಾಯಿತು.
ನಿಂಬೆ ಹಿಂಡಿದ; ಕೈ ನಡುಗಿ ಅರ್ಧ ಮೇಜಿಗೆ.
ಬಹಳ ಹೊತ್ತು ಅಗಿದ.
"ಇಷ್ಟು ಮೆತ್ತಗೆ ಹೇಗೆ ಮಾಡಿದೆ, ತಾಯಿ?"
"ಬಡಿದೆ," ಅಂದೆ.

ಗೋಡೆಯ ಫೋಟೋ ಆಗ ಕಂಡಿತು ಅವನಿಗೆ.
ಫೋರ್ಕು ಕೆಳಗಿಟ್ಟ.
"ಆ ಮನುಷ್ಯನ ಚಾಕುವಿಗೆ ಎಲುಬು ತಾನಾಗಿ ದಾರಿ ಬಿಡುತ್ತಿತ್ತು,"
ಅಂದ, ಯಾರಿಗೂ ಅಲ್ಲ, ತಟ್ಟೆಗೆ.
ಅನಾಹಿ ದಾರ್ವಿನ್‌ನನ್ನು ನೋಡಿದಳು, ದಾರ್ವಿನ್ ನನ್ನನ್ನು.
ಮುಂದಿನ ಮಾತು ಬರಲಿಲ್ಲ. ನಾನೂ ಕಾಯಲಿಲ್ಲ;
ಕಾದೆನೋ ಏನೋ, ಅಷ್ಟರಲ್ಲಿ
ಒಲೆಯ ಮೇಲೆ ಎಣ್ಣೆ ಹೊಗೆಯಾಡಿತು.
ಇನ್ನೊಂದು ತುಂಡು ಅವನ ಮುಂದಿಟ್ಟೆ.
ತಿಂದ.

ಎಲ್ಲ ಹೋದ ಮೇಲೆ ಐದು ಉಳಿದಿದ್ದವು.
ನಾಳೆ ಬೆಳಗಿನ ಪಾಳಿಗೆ ಒಂದು, ಬ್ರೆಡ್ಡಿನ ನಡುವೆ, ತಣ್ಣಗೆ.
ಬಿಸಿಯಲ್ಲಿ ತಿನ್ನುವುದು ಹಸಿವು,
ರುಚಿ ಗೊತ್ತಾಗುವುದು ಆರಿದ ಮೇಲೆ, ಅನ್ನುತ್ತಿದ್ದ ಅಪ್ಪ.
ಮೇಜು ಒರೆಸಿದೆ.
ನಿಂಬೆರಸ ಬಿದ್ದ ಕಡೆ ಕೈ ಸ್ವಲ್ಪ ಅಂಟಿತು.