ಅಡಿಗೆಮನೆಯಷ್ಟು ನಮ್ಮದು

ಶನಿವಾರ ಮಧ್ಯಾಹ್ನ, ಕರೆಂಟಿಲ್ಲ.
ಮಷಿನ್ನಿನ ಮೋಟಾರು ಸುಮ್ಮನಿದೆಯಲ್ಲ ಎಂದು
ಬೀರುವಿನ ತಳದಿಂದ ಬ್ಯಾಂಕಿನ ಕಂತುಪಟ್ಟಿ ತೆಗೆದು ಹರಡಿದೆ.
ಒಂಬತ್ತು ಹಾಳೆ, ಇನ್ನೂರ ನಲವತ್ತು ಸಾಲು.
ಐದು ವರ್ಷ ಯಾರೂ ಬಿಚ್ಚದ ಪಿನ್ನು ತುಕ್ಕು ಹಿಡಿದು
ಮೂಲೆಯಲ್ಲಿ ಎರಡು ಕಂದು ಹಲ್ಲು.

ಸಾಲಗಾರ: ಹಾಲೇಶಪ್ಪ. ಸಹಸಾಲಗಾರ: ಕೊಟ್ರಮ್ಮ.
ಲಗ್ನಪತ್ರಿಕೆಯ ಮೇಲೆ ಅಚ್ಚಾದ ಮೇಲೆ
ನಮ್ಮಿಬ್ಬರ ಹೆಸರು ಮತ್ತೆ ಜೋಡಿಯಾಗಿ ಬಂದದ್ದು ಇಲ್ಲೇ.

ಮೊದಲ ಸಾಲು ಓದಿದೆ.
ಕಂತು ಹತ್ತೊಂಬತ್ತು ಸಾವಿರದ ಏಳುನೂರ ತೊಂಬತ್ತನಾಲ್ಕು.
ಅದರಲ್ಲಿ ಬಡ್ಡಿ ಹದಿನಾರೂವರೆ ಸಾವಿರ.
ಉಳಿದ ಚೂರುಪಾರು ಅಸಲಿಗೆ.
ಇಷ್ಟು ಬಟ್ಟೆ ವೇಸ್ಟ್ ಮಾಡಿ ಕತ್ತರಿಸಿದರೆ
ಯಾವ ಗಿರಾಕಿ ನನ್ನನ್ನು ಉಳಿಸುತ್ತಿದ್ದಳು?

ನಾವು ಒಪ್ಪಿದ್ದೆವು.
ಪಿ.ಬಿ. ರಸ್ತೆಯ ಆ ಕಚೇರಿಯಲ್ಲಿ ಎ.ಸಿ. ತಣ್ಣಗಿತ್ತು,
ಆಫೀಸರ್ ಹುಡುಗ ತಾನೇ ಎದ್ದು ನೀರು ಕೊಟ್ಟ.
"ತಿಂಗಳಿಗೆ ಎಷ್ಟು ಬೀಳುತ್ತೆ ಸಾರ್?" ಇವರು ಕೇಳಿದ್ದು ಅದೊಂದೇ.
ಒಟ್ಟು ಎಷ್ಟು ಎಂದು ನಾನೂ ಕೇಳಲಿಲ್ಲ.
ಮೂವತ್ತೆರಡು ಸಹಿ ಹಾಕಿ ಕೈ ನೋವಾಗಿ
ಗಡಿಯಾರ ಕಂಬದ ಹತ್ತಿರ ಮಂಡಕ್ಕಿ ಮಿರ್ಚಿ ತಿಂದೆವು.
ಐದು ರೂಪಾಯಿ ಜಾಸ್ತಿ ಹಿಡಿದ ಎಂದು
ಅವನ ಜೊತೆ ಜಗಳಕ್ಕೆ ನಿಂತವಳು ನಾನೇ.

ಇಪ್ಪತ್ತೆರಡು ಲಕ್ಷ ತಂದದ್ದು.
ಕಟ್ಟಬೇಕಾದ್ದು ನಲವತ್ತೇಳೂವರೆ.
ಸಾಲಕ್ಕೊಂದು ಕೊಂಬು ಬಂದರೆ ಸಾಲು,
ಕೊಂಬು ಬಂದದ್ದು ಹಾಯದೆ ಬಿಟ್ಟೀತೆ?

ಅರವತ್ತು ಕಂತು ಮುಗಿದಿವೆ. ಅಸಲು ಕರಗಿದ್ದು ಒಂಬತ್ತರಲ್ಲೊಂದು ಪಾಲು.
ಟೇಪು ಹಿಡಿದು ಮನೆ ಅಳೆದೆ, ಗಿರಾಕಿಯ ಮೈ ಅಳೆದಂತೆ:
ಏಳುನೂರ ಇಪ್ಪತ್ತು ಚದರಡಿ.
ಒಂಬತ್ತರಲ್ಲೊಂದು ಎಂದರೆ ಎಂಬತ್ತು.
ಎಂಟು ಹತ್ತರ ಅಡಿಗೆಮನೆ!
ಅಷ್ಟು ನಮ್ಮದು, ಒಲೆ, ಸಿಂಕು, ಒಗ್ಗರಣೆಯ ಕಲೆ ಸಮೇತ.
ಬೀಗರು ಕೂತು ಹೊಗಳಿದ ಹಾಲು ಬ್ಯಾಂಕಿನದು,
ಅವರು ಉಂಡದ್ದು ಮಾತ್ರ ನಮ್ಮಲ್ಲಿ.

ಇನ್ನೊಂದಿದೆ. ಹೋದ ತಿಂಗಳು ಮೊಬೈಲಿಗೆ ಬಂದ ಮೆಸೇಜು:
ಬಡ್ಡಿದರ ಬದಲಾಗಿದೆ, ಕಂತು ಬದಲಾಗಿಲ್ಲ.
"ಕಂತು ಏರಲಿಲ್ಲವಲ್ಲ, ಪುಣ್ಯ" ಎಂದರು ಇವರು,
ಡಿಪೋದ ಗ್ರೀಸು ಕೈ ಒರೆಸಿಕೊಳ್ಳುತ್ತ.
ಏರಿದ್ದು ಬಾಲ. ಈ ಪಟ್ಟಿಯಲ್ಲಿ ಅಚ್ಚಾಗದ ಇಪ್ಪತ್ತೆಂಟು ಸಾಲು
ಇವರ ರಿಟೈರ್ಮೆಂಟಿನ ಹಾರ ಬಾಡಿದ ಮೇಲೂ ನಡೆಯುತ್ತವೆ.

ಅಷ್ಟರಲ್ಲಿ ಚೂಡಿದಾರ್ ಒಯ್ಯಲು ಮುಬೀನಾ ಬಂದಳು,
ಬಿ.ಕಾಂ. ಕೊನೆಯ ವರ್ಷ, ಪೆನ್ನು ಕಿವಿಯ ಮೇಲೆ.
ಹಾಳೆ ತಿರುವಿ, ಮೊಬೈಲಲ್ಲಿ ಗುಣಿಸಿ,
"ಆಂಟಿ, ಈ ತಿಂಗಳ ಕಂತಿನ ಮೇಲೆ
ಮೂರು ಸಾವಿರದ ಐನೂರ ಅರವತ್ತು ಅಸಲಿಗೆಂದೇ ಕಟ್ಟಿ,
ಕೊನೆಯ ಒಂದು ಕಂತು ಪೂರ್ತಿ ಹೋಗುತ್ತೆ" ಎಂದಳು.
ಪೂರ್ತಿಯಾ? ಆ ಹತ್ತೊಂಬತ್ತು ಸಾವಿರವೂ?
"ಪೂರ್ತಿ. ಆದರೆ ಅಸಲಿಗೆ ಎಂದು ಬರೆದುಕೊಡಿ."
ಹೊಲಿಗೆಯ ಐವತ್ತು ಬಿಟ್ಟೆ ಅವಳಿಗೆ.

ಲೈನಿಂಗ್ ಬ್ಲೌಸಿಗೆ ಮುನ್ನೂರೈವತ್ತು.
ಹತ್ತು ಹೊಲಿದರೆ, ಮೇಲೆ ಎರಡು ಸೀರೆಗೆ ಫಾಲ್ ಹಚ್ಚಿದರೆ,
ಇವರ ಅರವತ್ತೆರಡನೇ ವಯಸ್ಸಿನ ಒಂದು ತಿಂಗಳು
ಯಾರಿಗೂ ಬಾಕಿಯಿಲ್ಲದೆ ಎದ್ದು ಟೀ ಕುಡಿಯುತ್ತದೆ.
ಆ ಇಪ್ಪತ್ತೆಂಟಕ್ಕೂ ಮುನ್ನೂರ ಚಿಲ್ಲರೆ ಬ್ಲೌಸು.
ಕಣ್ಣು ಅಷ್ಟು ದಿನ ಬರಬೇಕು. ಅದರ ಬಡ್ಡಿ ಯಾವ ಹಾಳೆಯಲ್ಲೂ ಇಲ್ಲ.

ಆರೂವರೆಗೆ ಕರೆಂಟು ಬಂತು, ಇವರೂ ಬಂದರು.
ಹಾಲಿನ ಕುರ್ಚಿಯಲ್ಲಿ ಕೂತು ಶೂ ಬಿಚ್ಚತೊಡಗಿದರು.
"ಅಲ್ಲಿ ಯಾಕೆ ಕೂತಿರಿ, ನಮ್ಮ ಮನೆಯೊಳಗೆ ಬನ್ನಿ" ಎಂದೆ
ಅಡಿಗೆಮನೆಯ ಹೊಸ್ತಿಲಲ್ಲಿ ನಿಂತು.
ಒಂದು ಶೂ ಕೈಯಲ್ಲಿ ಹಿಡಿದು
ನನ್ನನ್ನೇ ನೋಡಿದರು, ಜ್ವರ ಬಂದಿದೆಯೇನೋ ಎಂಬಂತೆ.