ನಲವತ್ತೆಂಟು ನಿಮಿಷ

ಪುಸ್ತಕದಲ್ಲಿದ್ದ ರೈಲನ್ನು ಇಳಿಸಿ
ಅದರ ಜಾಗಕ್ಕೆ ಊರಿನ ಮಿನಿಬಸ್ಸು ತಂದವಳು ನಾನೇ.
ಸ್ವಾನೆತಿಯ ಈ ಎತ್ತರಕ್ಕೆ ಯಾವ ರೈಲೂ ಬಂದದ್ದಿಲ್ಲ,
ಏಳನೇ ಕ್ಲಾಸಿನ ಹನ್ನೊಂದು ಮಕ್ಕಳಲ್ಲಿ
ಒಬ್ಬರೂ ಹಳಿಯ ಸದ್ದು ಕೇಳಿದವರಲ್ಲ.
ಹಾಗಾಗಿ ಬರೆದೆ ಹಲಗೆಯ ಮೇಲೆ:
ಪೇಟೆಯಿಂದ ನಮ್ಮೂರಿಗೆ ಮೂವತ್ತಾರು ಕಿಲೋಮೀಟರು.
ಅಂಜೋರನ ಬಸ್ಸು ಏರುವಾಗ ಗಂಟೆಗೆ ಹನ್ನೆರಡು,
ಅದೇ ದಾರಿ ಇಳಿಯುವಾಗ ಮೂವತ್ತಾರು.
ಹೋಗಿಬರುವ ಸರಾಸರಿ ವೇಗ ಎಷ್ಟು?

ಒಂಬತ್ತು ಮಂದಿ ಇಪ್ಪತ್ತನಾಲ್ಕು ಎಂದರು.
ಹನ್ನೆರಡಕ್ಕೆ ಮೂವತ್ತಾರು ಸೇರಿಸಿ
ಬಿಸಿ ರೊಟ್ಟಿ ಮುರಿದಷ್ಟು ಸಲೀಸಾಗಿ
ನಡುವಿಗೆ ಮುರಿದಿದ್ದರು.
ಗೇಲಾ ಉತ್ತರ ಬರೆಯಲಿಲ್ಲ; ಬಸ್ಸು ಬಿಡಿಸಿದ್ದ,
ಒಡೆದ ಎಡಗನ್ನಡಿಯ ಸಮೇತ.

ಸೀಮೆಸುಣ್ಣ ಹಿಡಿದು ಹೇಳಿದೆ:
ಏರಲು ಮೂರು ಗಂಟೆ, ಇಳಿಯಲು ಒಂದು.
ಎಪ್ಪತ್ತೆರಡನ್ನು ನಾಲ್ಕರಿಂದ ಭಾಗಿಸಿ. ಹದಿನೆಂಟು.
'ದಾರಿ ಎರಡೂ ಕಡೆ ಅಷ್ಟೇ ಅಲ್ವಾ, ಟೀಚರ್?'
ದಾರಿ ಅಷ್ಟೇ ಕಣೋ. ಹೊತ್ತು ಅಷ್ಟೇ ಅಲ್ಲ.
ನಿಧಾನದ ಪಕ್ಕದಲ್ಲಿ ನಾವು ಹೆಚ್ಚು ಹೊತ್ತು ಕೂತಿರುತ್ತೇವೆ,
ಅದಕ್ಕೇ ತಕ್ಕಡಿ ಅದರ ಕಡೆಗೆ ವಾಲುತ್ತದೆ.
ಹೇಳಿದ ಮೇಲೆ ನನಗೇ ಯಾಕೋ ಕುತೈಸಿಯ ನೆನಪಾಗಿ
ಒರೆಸುವ ಬಟ್ಟೆ ಹುಡುಕುವವಳಂತೆ ತಿರುಗಿ ನಿಂತೆ.

ರಾತ್ರಿ ಒಲೆಯ ಪಕ್ಕ ಉಳಿದ ಕೊನೆಯ ನೋಟ್‌ಬುಕ್ಕು
ಮ್ಜೆಕಾಲಳದು. ಅಂಜೋರನ ಮಗಳು.
ಉತ್ತರ: ಹದಿನೈದು.
ಕೆಂಪು ಪೆನ್ನು ಅಡ್ಡಗೆರೆಗೆ ಬಾಗಿತ್ತು,
ಕೆಳಗಿನ ಸಾಲು ಕಂಡು ತಡೆಯಿತು:

ಗಾಲಿಗೆ ಸರಪಳಿ ಬಿಗಿಯಲು ಇಪ್ಪತ್ತು ನಿಮಿಷ
ಬಿಚ್ಚಲು ಹತ್ತು
ಊಟೆಯ ಹತ್ತಿರ ರೇಡಿಯೇಟರಿಗೆ ನೀರು, ಆರು
ತಿರುವಿನ ದಾರೆಜಾನ್ ಅಜ್ಜಿಗೆ ಔಷಧಿ ಕೊಡಲು ಹನ್ನೆರಡು
ಒಟ್ಟು ನಲವತ್ತೆಂಟು.
ನಾಲ್ಕು ಗಂಟೆ ನಲವತ್ತೆಂಟು ನಿಮಿಷಕ್ಕೆ ಎಪ್ಪತ್ತೆರಡು.
ಬೇಕಾದರೆ ನೀವೇ ಭಾಗಿಸಿ ನೋಡಿ.

ಭಾಗಿಸಿದೆ. ಶೇಷವಿಲ್ಲದೆ ಹದಿನೈದು.
ಪುಸ್ತಕದ ಕೊನೆಯ ಪುಟಗಳ ಉತ್ತರದಲ್ಲಿ
ಯಾರೂ ಎಲ್ಲೂ ನಿಲ್ಲುವುದಿಲ್ಲ.
ಅಲ್ಲಿಯ ಚಾಲಕರಿಗೆ ಮೂತ್ರ ಬರುವುದಿಲ್ಲ,
ಅಲ್ಲಿಯ ದನಗಳು ರಸ್ತೆಯ ನಡುವೆ ಮಲಗಿ ಮೆಲುಕು ಹಾಕುವುದಿಲ್ಲ.
ಸರಿ ಎನ್ನಲೇ, ತಪ್ಪು ಎನ್ನಲೇ?
ಪೆನ್ನಿನ ಮುಚ್ಚಳ ಹಾಕಿದೆ.

ಶುಕ್ರವಾರ ಇಳಿದು ಭಾನುವಾರ ಏರಿದೆ,
ಮಣಿಕಟ್ಟಿನಲ್ಲಿ ಗಡಿಯಾರ, ತೊಡೆಯ ಮೇಲೆ ಚೀಟಿ.
ಸರಪಳಿ ಬಿಗಿಯಲು ಇಪ್ಪತ್ತೆರಡು;
ಅಂಜೋರನ ಬೆರಳು ಮರಗಟ್ಟಿ ಕೊಕ್ಕೆ ಎರಡು ಸಲ ಜಾರಿತು.
ನೀರಿಗೆ ಆರು, ಕರಾರುವಾಕ್ಕು.
ಆಮೇಲೆ ತಿರುವು, ಕಲ್ಲಿನ ಗೋಪುರ, ಅದಕ್ಕೆ ಆತುಕೊಂಡ ಮನೆ.
ಔಷಧಿಯ ಚೀಲ ಕೊಟ್ಟು ಹೊರಡುವುದೆಂದರೆ
ದಾರೆಜಾನ್ ಬಾಗಿಲಿಗೇ ಅಡ್ಡ ನಿಂತಳು.
ಹೊಸ ಟೀಚರ್ ಇವಳೇನಾ? ಇಷ್ಟು ಬಡಕಲಾ?
ಗಿಣ್ಣಿನ ರೊಟ್ಟಿ ಬಂತು, ಉಪ್ಪಿನಕಾಯಿ ಬಂತು,
ಸತ್ತ ಗಂಡನ ಫೋಟೋ ಗೋಡೆಯಿಂದ ಇಳಿದು ಬಂತು.
ಬಸ್ಸಿನಲ್ಲಿದ್ದ ಆರು ಮಂದಿಯೂ ಒಬ್ಬೊಬ್ಬರಾಗಿ
ಹಿಮ ಒದರಿಕೊಂಡು ಒಳಗೆ ಬಂದರು,
ಯಾರಿಗೂ ಅವಸರವಿದ್ದಂತೆ ಕಾಣಲಿಲ್ಲ.
ಗಡಿಯಾರ ನೋಡಲು ಮರೆತೆ.

ಸೋಮವಾರ ಮ್ಜೆಕಾಲಳ ಹದಿನೈದರ ಪಕ್ಕ
ಕೆಂಪಿನಲ್ಲಿ 'ಸರಿ' ಎಂದು ಬರೆದು, ಕೇಳಿದೆ:
ಅಜ್ಜಿಯ ಮನೆಯ ಆ ಹನ್ನೆರಡು ನಿಮಿಷ
ಯಾವ ಗಡಿಯಾರದಲ್ಲಿ ಅಳೆದೆ?

'ಅಳೆದಿಲ್ಲ ಟೀಚರ್,' ಎಂದಳು ಶಾಯಿಯ ಬೆರಳು ಒರೆಸುತ್ತ,
'ಅಪ್ಪ ತಡವಾಗಿ ಬಂದಾಗಲೆಲ್ಲ
ಅಮ್ಮನಿಗೆ ಅಷ್ಟೇ ಅಂತ ಹೇಳೋದು.'