ಮೂರರಲ್ಲೊಂದು ಪಾಲು

ವಿದ್ಯಾನಗರದ ಕೋರ್ಟಿನಲ್ಲಿ ಇವತ್ತು
ನಿಮ್ಮ ಲೆಕ್ಕ ಮುಗಿಯಿತು, ಕೇಳಿದಿರಾ.
ತೀರ್ಪು ಬರೆದದ್ದು ಇಂಗ್ಲಿಷಿನಲ್ಲಿ,
ವಕೀಲರು ಬಿಡಿಸಿ ಹೇಳಿದ್ದು ಮಲಯಾಳದಲ್ಲಿ,
ನಾನು ಬೆರಳು ಮಡಚಿ ಎಣಿಸಿದ್ದು ಕನ್ನಡದಲ್ಲಿ.
ಮೂರು ಕಡೆಯೂ ಮೊತ್ತ ಒಂದೇ ಬಂತು.

ಮೊದಲು ಹೆಸರಿನದ್ದೇ ತಕರಾರು.
ಸ್ಟೇಷನ್ನಿನವರು ಬರೆದುಕೊಂಡದ್ದು ಐತ್ತಪ್ಪನ್,
ಆಧಾರಿನಲ್ಲಿ ಐತ್ತಪ್ಪ ನಾಯ್ಕ.
ಇಬ್ಬರೂ ಒಬ್ಬನೇ ಎಂದು ಮುದ್ರೆ ಕಾಗದಕ್ಕೆ
ಪೆರ್ಲದ ಶಾಲೆಯ ಏಳನೇ ಕ್ಲಾಸಿನ ಅಕ್ಷರದಲ್ಲಿ
ಸಹಿ ಹಾಕಿದೆ.
ಆ ಒಂದು ‘ನ್’ ಬಿಡಿಸಲಿಕ್ಕೆ ಎಂಟು ತಿಂಗಳು.

ಆಮೇಲೆ ದುಡಿಮೆ.
ಕಂಪೆನಿಯ ವಕೀಲರು ಒಳ್ಳೆಯವರೇ, ಚಿಕ್ಕ ಪ್ರಾಯ,
ಕೂತುಕೊಳ್ಳಿ ಅಮ್ಮ ಎಂದರು. ಕೇಳಿದರು:
ಸುರಂಗ ತೋಡುವವನಿಗೆ ಸಂಬಳದ ಚೀಟಿ ಉಂಟಾ?
ಬ್ಯಾಂಕಿನ ಪುಸ್ತಕ? ಒಂದಾದರೂ ರಶೀದಿ?
ಕೋಲಿಗೆ ಇಷ್ಟೆಂದು ಬಾಯಿಮಾತು,
ನೀರು ಸಿಕ್ಕಿದ ದಿನ ಒಂದು ಮುಂಡು, ಒಂದು ಕುಡ್ತೆ ಎಣ್ಣೆ,
ಇದನ್ನು ಯಾವ ಫಾರಮಿನಲ್ಲಿ ತುಂಬುವುದು?
ರಶೀದಿ ಬೇಕಾದರೆ ಬನ್ನಿ ಎಂದೆ,
ಶೇಣಿಗೆ ಬನ್ನಿ, ಬಜಕೂಡ್ಲಿಗೆ ಬನ್ನಿ, ಸ್ವರ್ಗಕ್ಕೆ ಬನ್ನಿ.
ಸ್ವರ್ಗ ಎಂದದ್ದಕ್ಕೆ ಎಲ್ಲರೂ ತಲೆಯೆತ್ತಿದರು.
ಪೆರ್ಲದಿಂದಾಚೆ ಒಂದು ಊರು ಸ್ವಾಮೀ, ಬಸ್ಸು ಹೋಗುತ್ತದೆ.
ಅಲ್ಲೆಲ್ಲ ಹನ್ನೊಂದು ಮನೆಯ ಹಿಂಬದಿಗೆ
ಗುಡ್ಡದೊಳಗಿಂದ ಬೆರಳು ದಪ್ಪದ ನೀರು
ಈಗಲೂ ಬೀಳುತ್ತಾ ಉಂಟು. ಅದೇ ರಶೀದಿ.

ಜಡ್ಜಿ ಸ್ವಲ್ಪ ನಕ್ಕರು. ಬರೆದುಕೊಳ್ಳಲಿಲ್ಲ.
ತಿಂಗಳಿಗೆ ಹನ್ನೆರಡು ಸಾವಿರ ಎಂದು ತಾವೇ ಊಹಿಸಿದರು.
ನಲವತ್ತೇಳು ಪ್ರಾಯಕ್ಕೆ ಹದಿಮೂರರಿಂದ ಗುಣಿಸಬೇಕಂತೆ.
ಯಾಕೆ ಹದಿಮೂರು ಎಂದು ಮಗಳು ಕೇಳಿದಳು.
ಅದು ಹಾಗೇ, ಪಟ್ಟಿಯಲ್ಲಿ ಉಂಟು.

ಮೇಣದ ಬತ್ತಿ ಸಣ್ಣಗಾದರೆ ಹಿಂದೆ ಸರಿಯುವುದು,
ಅದು ನಿಮ್ಮ ಪಟ್ಟಿ.
ಇಪ್ಪತ್ತಾರು ವರ್ಷ ಗುಡ್ಡದ ಹೊಟ್ಟೆಯೊಳಗೆ
ಕುಕ್ಕರುಗಾಲಲ್ಲಿ ಕೂತು ಕೆತ್ತಿದಿರಿ,
ಒಂದು ಹಿಡಿ ಮಣ್ಣು ಕುಸಿಯಲಿಲ್ಲ.
ಚೆರ್ಕಳದಲ್ಲಿ, ಇಡೀ ಆಕಾಶ ಕಾಣುವಲ್ಲಿ,
ರಸ್ತೆ ಅಗಲ ಮಾಡಲು ಬಸ್ಸಿನ ಶೆಡ್ಡು ಕೆಡವಿದ ಜಾಗದಲ್ಲಿ
ಜಲ್ಲಿಯ ಟಿಪ್ಪರು ಹಿಂದಕ್ಕೆ ಬಂತು.
ಅಲ್ಲಿ ಉರಿಸಿ ನೋಡುವುದು ಯಾವ ಬತ್ತಿಯನ್ನು?

ತೊಂಡಿ ಎಂದು ಚೀಟಿ ಕಟ್ಟಿ ಇಟ್ಟುಕೊಂಡಿದ್ದ ಪಿಕ್ಕಾಸು
ವಾಪಸು ಕೊಟ್ಟಿದ್ದಾರೆ. ಕಾವಿಗೆ ಗೆದ್ದಲು ಹಿಡಿದಿದೆ.

ಈಗ ಹೇಳಬೇಕೆಂದಿದ್ದದ್ದು ಬೇರೆ.
ಮೂರರಲ್ಲಿ ಒಂದು ಪಾಲು ಕಳೆದರು.
ಬದುಕಿದ್ದರೆ ಅಷ್ಟನ್ನು ಆತನೇ ತನಗೆಂದು
ಖರ್ಚು ಮಾಡುತ್ತಿದ್ದನಲ್ಲ,
ಅದು ನಿಮ್ಮ ಕೈಗೆ ಬರುವ ದುಡ್ಡಲ್ಲ ಎಂದರು.
ತಪ್ಪೆನ್ನಲಾರೆ. ಲೆಕ್ಕ ಸರಿಯಾಗಿಯೇ ಉಂಟು.
ಆದರೆ ಬಸ್ಸಿನಲ್ಲಿ ಬರುವಾಗ
ಆ ಪಾಲಿನೊಳಗೆ ಕೈ ಹಾಕಿ ಹುಡುಕಿದೆ.
ಶನಿವಾರದ್ದೊಂದು ಲಾಟರಿ ಟಿಕೇಟು, ಯಾವತ್ತೂ ಹೊಡೆಯದ್ದು.
ಕ್ಷೌರದ ಎಂಬತ್ತು ರೂಪಾಯಿ.
ಬಿಟ್ಟೆ ಎಂದು ಆಣೆ ಹಾಕಿ
ಹಟ್ಟಿಯ ಹಿಂದೆ ಸೇದಿದ ಬೀಡಿ, ಅದರ ಕೆಮ್ಮು.
ಬೆನ್ನಿನ ಎಣ್ಣೆ, ತಿಕ್ಕುತ್ತಿದ್ದ ಕೈ ನನ್ನದು.
ಬದಿಯಡ್ಕದ ಹೋಟೆಲಿನಲ್ಲಿ ಒಂದು ಬನ್ಸು ತಿಂದು
ಮೂರು ಕಟ್ಟಿಸಿಕೊಂಡು ಬರುತ್ತಿದ್ದಿರಿ,
ಕಟ್ಟಿಸಿದ್ದನ್ನು ಯಾರ ಪಾಲಿಗೆ ಬರೆದರೋ.

ಅಷ್ಟೂ ಕಳೆದು ಉಳಿದದ್ದು
ಅಕ್ಕಿ, ಫೀಸು, ಕರೆಂಟಿನ ಬಿಲ್ಲು.
ಅದನ್ನು ಕೊಡುತ್ತಾರಂತೆ.
ಸಂಗಾತ ತಪ್ಪಿದ್ದಕ್ಕೆ ಬೇರೆಯೇ ನಲವತ್ತನಾಲ್ಕು ಸಾವಿರ,
ಅದಕ್ಕೆ ಗುಣಾಕಾರ ಇಲ್ಲ.

ಬದಿಯಡ್ಕದಲ್ಲಿ ಬಸ್ಸು ಐದು ನಿಮಿಷ ನಿಂತಿತು.
ಇಳಿದು ನಾಲ್ಕು ಬನ್ಸು ಕಟ್ಟಿಸಿದೆ.
ಬಾಯಿ ತಪ್ಪಿ ಅಲ್ಲ, ಎಣಿಸಿಯೇ ಹೇಳಿದ್ದು.
ಮಕ್ಕಳು ತಿಂದರು, ನಾನೂ ತಿಂದೆ.
ನಾಲ್ಕನೆಯದು ಎಣ್ಣೆ ಹೀರಿದ ಪೇಪರಿನಲ್ಲಿ
ಕಪಾಟಿನ ಮೇಲೆ ಹಾಗೆಯೇ ಉಂಟು.

ಕಂಪೆನಿಯವರು ಎರ್ನಾಕುಲದ ಕೋರ್ಟಿಗೆ ಹೋದರೂ ಹೋಗಬಹುದಂತೆ.
ಅದನ್ನು ನಾಳೆ ಹೇಳುತ್ತೇನೆ.